ಅವಸರವಿಲ್ಲದ ಹೊಳೆ

ಅಕ್ಕಿಆಲೂರಿನ ಸುತ್ತ ಬಿಸಿಲು ಕಾಯುತ್ತಿರುವಾಗಲೇ ಹೊಳೆ ಬರುವುದುಂಟು. ಜುಲೈ ತಿಂಗಳ ಯಾವುದೋ ಒಂದು ಬೆಳಗ್ಗೆ ಆಕಾಶ ತಿಳಿಯಾಗಿರುತ್ತದೆ, ಮಳೆ ಹೊಳವಾಯಿತೆಂದು ರೈತರು ಎಡೆ ಹೊಡೆಯಲು ಎತ್ತು ಹೂಡಿರುತ್ತಾರೆ. ಅತ್ತ ವರದಾ ನದಿ ನಿನ್ನೆಗಿಂತ ಆಳೆತ್ತರ ಏರಿ, ಕೆಂಪಗೆ ತುಂಬಿ ಹರಿಯುತ್ತಿರುತ್ತದೆ. 'ಹೊಳಿ ಬಂದೈತಿ' ಎಂಬ ಸುದ್ದಿ ಹಬ್ಬಿದರೆ ಇಲ್ಲಿ ಎಷ್ಟು ಮಳೆಯಾಯಿತೆಂದು ಯಾರೂ ಕೇಳುವುದಿಲ್ಲ. ಸಾಗರದ ಕಡೆ ಎಷ್ಟು ಬಿತ್ತು, ಸೊರಬದ ಕಡೆ ಹೇಗಿದೆ, ಬನವಾಸಿಯ ಸೇತುವೆ ಕಾಣುತ್ತಿದೆಯೋ ಮುಳುಗಿದೆಯೋ ಎಂದು ಕೇಳುತ್ತಾರೆ. ಹಾನಗಲ್ಲು, ಹಾವೇರಿ, ಸವಣೂರು ಸೀಮೆಯ ಪಾಲಿಗೆ ವರದೆ ಬೇರೆ ಊರಿನ ಮಳೆಯನ್ನು ಹೊತ್ತು ತರುವ ಹೊಳೆ.

ಆ ಬೇರೆ ಊರು ಶಿವಮೊಗ್ಗ ಜಿಲ್ಲೆಯ ಸಾಗರ ತಾಲೂಕಿನದು. ಸಾಗರ ಪಟ್ಟಣದಿಂದ ಕೆಲವೇ ಕಿಲೋಮೀಟರು ದೂರದಲ್ಲಿ, ಕೆಳದಿ ಅರಸರ ಇಕ್ಕೇರಿಗೆ ಹತ್ತಿರದಲ್ಲಿ ವರದಾಮೂಲ ಎಂಬ ಸಣ್ಣ ಕ್ಷೇತ್ರವಿದೆ. ಅಲ್ಲಿ ತೀರ್ಥಗಳಿವೆ, ವರದಾಂಬೆಯ ಗುಡಿಯಿದೆ, ಸುತ್ತ ಅಡಿಕೆ ತೋಟವಿದೆ. ಮಲೆನಾಡಿನ ಹತ್ತಾರು ನದಿಮೂಲಗಳಂತೆ ಇದೂ ಒಂದು ಎನ್ನಿಸುತ್ತದೆ. ಆದರೆ ನಕ್ಷೆ ತೆರೆದಿಟ್ಟು ನೋಡಿದರೆ ಈ ಜಾಗದ ವಿಚಿತ್ರ ಗೊತ್ತಾಗುತ್ತದೆ. ಇದೇ ಸಾಗರ ತಾಲೂಕಿನ ಇನ್ನೊಂದು ಮಗ್ಗುಲಲ್ಲಿ ಶರಾವತಿ ಹರಿಯುತ್ತದೆ. ಶರಾವತಿ ಪಶ್ಚಿಮಕ್ಕೆ ತಿರುಗಿ, ಜೋಗದಲ್ಲಿ 253 ಮೀಟರು ಒಮ್ಮೆಗೇ ಧುಮುಕಿ, ಹೊನ್ನಾವರದಲ್ಲಿ ಅರಬ್ಬೀ ಸಮುದ್ರ ಸೇರುತ್ತದೆ. ವರದೆ ಬೆನ್ನು ತಿರುಗಿಸಿ ಉತ್ತರಕ್ಕೆ, ಆಮೇಲೆ ಈಶಾನ್ಯಕ್ಕೆ ನಡೆಯುತ್ತದೆ. ತುಂಗಭದ್ರೆಯನ್ನು ಕೂಡಿ, ಅಲ್ಲಿಂದ ಕೃಷ್ಣೆಯ ಜತೆಗೆ ಬಂಗಾಳ ಕೊಲ್ಲಿಗೆ ಅದರ ನೀರು ತಲುಪುತ್ತದೆ. ಒಂದೇ ಮೋಡದಿಂದ ಒಂದೇ ತಾಲೂಕಿಗೆ ಬಿದ್ದ ಎರಡು ಹನಿಗಳು ದೇಶದ ಎರಡು ಬದಿಯ ಕಡಲುಗಳಿಗೆ ಹಂಚಿಹೋಗುತ್ತವೆ.

ಇಳಿಜಾರಿನ ಲೆಕ್ಕವನ್ನೂ ನೋಡಬೇಕು. ಸಾಗರ ಸಮುದ್ರಮಟ್ಟದಿಂದ 600 ಮೀಟರಿನ ಆಸುಪಾಸಿನಲ್ಲಿದೆ. ವರದೆ ತುಂಗಭದ್ರೆಯನ್ನು ಸೇರುವ ಗಳಗನಾಥದ ನೆಲ 500 ಮೀಟರಿಗೆ ತುಸು ಮೇಲೆ. ನಡುವಿನ ದಾರಿ 200 ಕಿಲೋಮೀಟರಿನ ಆಸುಪಾಸು. ಹೀಗೆ ಇಡೀ ಪ್ರಯಾಣದಲ್ಲಿ ಈ ಹೊಳೆ ಇಳಿಯುವುದು ಹೆಚ್ಚುಕಡಿಮೆ ನೂರು ಮೀಟರು. ಶರಾವತಿ ಒಂದು ಜಿಗಿತದಲ್ಲಿ ಮುಗಿಸುವ ಇಳಿತದ ಅರ್ಧದಷ್ಟನ್ನೂ ಇದು ಜೀವಮಾನವಿಡೀ ಇಳಿಯುವುದಿಲ್ಲ. ಹುಟ್ಟು ಮಲೆನಾಡಿನಲ್ಲಾದರೂ ವರದೆ ಸ್ವಭಾವದಿಂದ ಬಯಲಿನ ನದಿ. ಜಲಪಾತವಿಲ್ಲ, ಕಣಿವೆಯಿಲ್ಲ, ಪ್ರವಾಸಿಗರು ನಿಂತು ಚಿತ್ರ ತೆಗೆಸಿಕೊಳ್ಳುವಂಥ ದೃಶ್ಯವೂ ಕಡಿಮೆ. ಕರ್ನಾಟಕದ ನದಿಗಳ ಹೆಸರು ಹೇಳಿ ಎಂದರೆ ಶಾಲೆಯ ಮಕ್ಕಳು ಕೂಡ ಇದನ್ನು ಕೊನೆಗೆ ನೆನಪಿಸಿಕೊಳ್ಳುತ್ತಾರೆ.

ಇಳಿಜಾರು ಕಡಿಮೆಯಿದ್ದಾಗ ನೀರು ನೇರ ಓಡುವುದಿಲ್ಲ, ಡೊಂಕು ಹಾಕುತ್ತದೆ. ತಿರುವಿನ ಹೊರಬದಿಯಲ್ಲಿ ಸೆಳವು ಜೋರಾಗಿ ದಂಡೆಯನ್ನು ಕೊರೆಯುತ್ತದೆ, ಅಲ್ಲಿ ಮಡು ಬೀಳುತ್ತದೆ. ಒಳಬದಿಯಲ್ಲಿ ಸೆಳವು ಸತ್ತು, ಹೊತ್ತು ತಂದ ಉಸುಕು, ಮೆಕ್ಕಲು ಮಣ್ಣು ಕೂರುತ್ತದೆ. ವರ್ಷ ವರ್ಷ ಹೀಗೇ ನಡೆದು ಡೊಂಕು ಇನ್ನಷ್ಟು ಡೊಂಕಾಗುತ್ತದೆ. ವರದೆಯ ಅತಿ ಪ್ರಸಿದ್ಧ ಡೊಂಕು ಬನವಾಸಿಯಲ್ಲಿದೆ. ಅಲ್ಲಿ ಹೊಳೆ ಊರನ್ನು ಮೂರು ಕಡೆಯಿಂದ ಬಳಸಿಕೊಂಡು ಹೋಗುತ್ತದೆ. ಕದಂಬರು ರಾಜಧಾನಿಗೆ ಆ ಜಾಗವನ್ನು ಆರಿಸಿಕೊಂಡದ್ದಕ್ಕೆ ಬೇರೆ ಕಾರಣ ಹುಡುಕಬೇಕಾಗಿಲ್ಲ. ಮೂರು ದಿಕ್ಕಿನ ಕಂದಕವನ್ನು ಹೊಳೆಯೇ ತೋಡಿ ಕೊಟ್ಟಿತ್ತು.

ಈ ಮಾತಿಗೆ ಕ್ರಿ.ಶ. 634ರ ಸಾಕ್ಷಿಯೂ ಇದೆ. ಐಹೊಳೆಯ ಮೇಗುಟಿ ಜಿನಾಲಯದ ಗೋಡೆಯ ಮೇಲೆ ರವಿಕೀರ್ತಿ ಎಂಬ ಕವಿ ಇಮ್ಮಡಿ ಪುಲಕೇಶಿಯ ಗೆಲುವುಗಳನ್ನು ಸಂಸ್ಕೃತದಲ್ಲಿ ಕೆತ್ತಿಸಿದ. ಬನವಾಸಿಯ ಮುತ್ತಿಗೆಯ ಪದ್ಯದಲ್ಲಿ ವರದೆ ಬರುತ್ತಾಳೆ. ಅವಳ ಅಲೆಗಳ ಮೇಲೆ ಆಡುವ ಹಂಸಗಳ ಸಾಲು ಆ ನಗರಕ್ಕೆ ಸೊಂಟದ ಪಟ್ಟಿಯಂತಿತ್ತು ಎಂದು ಕವಿ ವರ್ಣಿಸುತ್ತಾನೆ. ಪುಲಕೇಶಿಯ ಸೈನ್ಯ ಸಮುದ್ರದಂತೆ ಬಂದು ಸುತ್ತುವರಿದಾಗ ಆ ನೆಲದ ಕೋಟೆ ನೋಡನೋಡುತ್ತಿದ್ದಂತೆ ಜಲದುರ್ಗವಾಗಿ ಕಂಡಿತಂತೆ. ಕವಿಗಳು ಹೀಗೆ ಹಿಗ್ಗಿಸಿ ಹೇಳುವುದು ರೂಢಿ. ಆದರೆ ಆಗಸ್ಟ್ ತಿಂಗಳಲ್ಲಿ ಬನವಾಸಿಯ ಸುತ್ತ ಓಡಾಡಿದವರಿಗೆ ಇದು ಬರೀ ಉಪಮೆ ಎನ್ನಿಸಲಾರದು. ಅಜ್ಜರಣಿ, ಭಾಶಿ, ಮೊಗವಳ್ಳಿಗಳ ಗದ್ದೆಗಳಲ್ಲಿ ಹೊಳೆ ಉಕ್ಕಿ ನಿಂತಾಗ ನೆಲ ಯಾವುದು, ಜಲ ಯಾವುದು ಎಂಬ ಗುರುತು ಈಗಲೂ ಸಿಗುವುದಿಲ್ಲ.

ಬನವಾಸಿಯ ಆಸುಪಾಸಿನಲ್ಲಿ ಸೊರಬದ ದಂಡಾವತಿಯಂಥ ಉಪನದಿಗಳನ್ನು ಕೂಡಿಸಿಕೊಂಡು ವರದೆ ದೊಡ್ಡ ಹೊಳೆಯಾಗುತ್ತದೆ. ಅಲ್ಲಿಂದ ಮುಂದೆ ಅದು ಕಾಲಿಡುವುದು ಹಾನಗಲ್ಲ ಸೀಮೆಗೆ. ಇಲ್ಲಿಯ ಜನ ತಮ್ಮ ನಾಡನ್ನು ಅರೆಮಲೆನಾಡು ಎನ್ನುತ್ತಾರೆ. ಶಬ್ದಕ್ಕೆ ಸರಿಯಾಗಿ ನೆಲ ಇದೆ. ಸಾಗರ, ಶಿರಸಿಗಳಲ್ಲಿ ವರ್ಷಕ್ಕೆ 2000 ಮಿಲಿಮೀಟರು ಮೀರುವ ಮಳೆ ಹಾನಗಲ್ಲಿಗೆ ಬರುವಷ್ಟರಲ್ಲಿ ಅದರ ಅರ್ಧಕ್ಕೆ ಬಂದು ನಿಲ್ಲುತ್ತದೆ. ಸವಣೂರು ತಲುಪುವಾಗ ಇನ್ನೂ ಸೊರಗುತ್ತದೆ. ಪಶ್ಚಿಮಕ್ಕೆ ಕೆಂಪು ಮಸಾರಿ ನೆಲ, ಬಿದಿರು, ತೇಗ, ಮಾವು. ಪೂರ್ವಕ್ಕೆ ಸಾಗಿದಂತೆ ಮರಗಳು ಸರಿದು, ಎರೆ ನೆಲದ ಬಯಲು ಬಿಚ್ಚಿಕೊಳ್ಳುತ್ತದೆ. ಬಸ್ಸಿನಲ್ಲಿ ಎರಡು ಗಂಟೆ ಕೂತರೆ ಮಲೆನಾಡಿನಿಂದ ಬೆಳವಲಕ್ಕೆ ಇಳಿದಿರುತ್ತೇವೆ. ಹೊಳೆ ಹೋಗುವುದೂ ಅದೇ ದಿಕ್ಕಿಗೆ, ಮಳೆ ಹೆಚ್ಚಿರುವ ಕಡೆಯಿಂದ ಕಡಿಮೆಯಿರುವ ಕಡೆಗೆ.

ಈ ನಡುಸೀಮೆಯ ಊರು ಅಕ್ಕಿಆಲೂರು. ಆಲೂರು ಎಂಬ ಹೆಸರಿನ ಊರುಗಳು ಕರ್ನಾಟಕದಲ್ಲಿ ಹಲವಿವೆ. ಇದಕ್ಕೆ ಮಾತ್ರ ಮುಂದೆ ಅಕ್ಕಿ ಅಂಟಿಕೊಂಡಿದೆ. ಧಾರವಾಡದ ಜೋಳದ ರೊಟ್ಟಿಯ ಸೀಮೆಗೆ ಇಷ್ಟು ಹತ್ತಿರದಲ್ಲಿ ಅಕ್ಕಿಯ ಹೆಸರು ಹೊತ್ತ ಊರು ಇರುವುದಕ್ಕೆ ಕಾರಣ ಇಲ್ಲಿಯ ಭತ್ತದ ಬೇಸಾಯ. ಅದೂ ಕರಾವಳಿಯಂತೆ, ಮಂಡ್ಯದಂತೆ ಸಸಿ ಮಡಿ ಮಾಡಿ ನಾಟಿ ಹಾಕುವ ಭತ್ತ ಅಲ್ಲ. ಮುಂಗಾರಿಗೆ ಮುಂಚೆ ನೆಲವನ್ನು ಹರಗಿ ಹದಮಾಡಿ, ಒಣ ಮಣ್ಣಿನಲ್ಲೇ ಕೂರಿಗೆಯಿಂದ ಜೋಳ ಬಿತ್ತಿದ ಹಾಗೆ ಭತ್ತ ಬಿತ್ತುತ್ತಾರೆ. ಮೊದಲ ಮಳೆಗೆ ಅದು ಮೊಳೆಯುತ್ತದೆ. ಒಂದೂವರೆ, ಎರಡು ತಿಂಗಳು ಒಣಬೇಸಾಯದ ಬೆಳೆಯಂತೆ ಬೆಳೆದು, ಆಮೇಲೆ ಮಳೆ ಹಿಡಿದಾಗ ಗದ್ದೆಯಲ್ಲಿ ನೀರು ನಿಂತು ಗದ್ದೆಭತ್ತವಾಗುತ್ತದೆ. ಮಳೆ ಯಾವತ್ತು ಬರುತ್ತದೆಂಬ ಖಾತರಿಯಿಲ್ಲದ ನಾಡಿನವರು ಕಂಡುಕೊಂಡ ಜಾಣತನ ಇದು. ಆದರೆ ಸೆಪ್ಟೆಂಬರು, ಅಕ್ಟೋಬರಿನಲ್ಲಿ ತೆನೆ ಕಟ್ಟುವ ಹೊತ್ತಿಗೆ ಮಳೆ ಕೈಕೊಟ್ಟರೆ ಕೂರಿಗೆಯ ಜಾಣತನ ಯಾವ ಕೆಲಸಕ್ಕೂ ಬರುವುದಿಲ್ಲ. ಆಗ ಬೇಕಾಗುವುದು ಕೆರೆ.

ಹೊಳೆಯ ಕಥೆ ಇಲ್ಲಿಗೆ ಬಂದು ಕೆರೆಯ ಕಥೆಯಾಗುತ್ತದೆ. ವರದೆಯಂಥ ತಗ್ಗಿನ ನದಿ ಸುತ್ತಲಿನ ಹೊಲಗಳಿಗಿಂತ ಕೆಳಗೆ ಹರಿಯುತ್ತದೆ. ಕಣ್ಣೆದುರು ನೀರು ಹೋಗುತ್ತಿದ್ದರೂ ದಂಡೆಯಿಂದ ಒಂದು ಮೈಲಿ ದೂರದ ಹೊಲಕ್ಕೆ ಅದು ತಾನಾಗಿ ಏರುವುದಿಲ್ಲ. ಪಂಪುಗಳಿಲ್ಲದ ಕಾಲದವರು ಆದ್ದರಿಂದ ದೊಡ್ಡ ಹೊಳೆಯ ತಂಟೆಗೆ ಹೋಗದೆ ಅದರ ಉಪನದಿಯನ್ನು ಹಿಡಿದರು. ಧರ್ಮಾ ಎಂಬುದು ಆ ಉಪನದಿಯ ಹೆಸರು. ಶಿರಸಿ, ಮುಂಡಗೋಡದ ಕಡೆಯ ಗುಡ್ಡಗಳಲ್ಲಿ ಹುಟ್ಟಿ, ಹಾನಗಲ್ಲ ಪಟ್ಟಣದ ಮಗ್ಗುಲಲ್ಲಿ ಹಾದು, ಕೂಡಲ ಎಂಬ ಹಳ್ಳಿಯಲ್ಲಿ ಅದು ವರದೆಯನ್ನು ಸೇರುತ್ತದೆ. ಹಾನಗಲ್ಲಿಗೆ ಪಶ್ಚಿಮದಲ್ಲಿ ಶೃಂಗೇರಿ ಎಂಬ ಹಳ್ಳಿಯಿದೆ (ಶಾರದಾ ಪೀಠದ ಶೃಂಗೇರಿಗೂ ಇದಕ್ಕೂ ಹೆಸರಿನ ನಂಟು ಮಾತ್ರ). ಅಲ್ಲಿ ಧರ್ಮೆಗೆ ಅಡ್ಡಲಾಗಿ ಒಡ್ಡು ಹಾಕಿ, ನೀರನ್ನು ಬದಿಗೆ ತಿರುಗಿಸಿ, ಎತ್ತರದ ನೆಲದ ಅಂಚಿನಲ್ಲೇ ಕಾಲುವೆ ನಡೆಸಿಕೊಂಡು ಬಂದರು. ಬ್ರಿಟಿಷರು ಧಾರವಾಡ ಜಿಲ್ಲೆಯನ್ನು ಅಳೆದು ಬರೆಯಲು ಕೂರುವ ಹೊತ್ತಿಗೆ ಈ ಧರ್ಮಾ ಕಾಲುವೆ ಆಗಲೇ ಹಳೆಯದಾಗಿತ್ತು.

ಕಾಲುವೆಯ ಕೆಲಸ ನೇರವಾಗಿ ಗದ್ದೆಗೆ ನೀರುಣಿಸುವುದಲ್ಲ, ಒಂದಾದ ಮೇಲೊಂದು ಕೆರೆ ತುಂಬಿಸುವುದು. ಮೇಲಿನ ಕೆರೆ ತುಂಬಿ ಕೋಡಿ ಬಿದ್ದರೆ ಆ ನೀರು ಕೆಳಗಿನ ಕೆರೆಗೆ. ಅದರ ಕೋಡಿ ಅದರ ಕೆಳಗಿನದಕ್ಕೆ. ಮಳೆಗಾಲದಲ್ಲಿ ಹೊಳೆ ಬಂದ ನಾಲ್ಕಾರು ವಾರಗಳಲ್ಲಿ ಇಡೀ ಸರಪಳಿ ತುಂಬಿಕೊಳ್ಳುತ್ತದೆ. ಹೊಳೆ ಇಳಿದ ಮೇಲೆ ತೂಬು ಎತ್ತಿ ಅಷ್ಟಷ್ಟೇ ಬಿಟ್ಟುಕೊಂಡರೆ ಭತ್ತ ತೆನೆ ಬಿಚ್ಚುವ ಹೊತ್ತಿಗೆ ನೀರುಂಟು, ಬೇಸಿಗೆಯಲ್ಲಿ ದನಕರುಗಳಿಗೆ ಉಂಟು, ಕೆರೆಯ ಕೆಳಗಿನ ಬಾವಿಗಳಿಗೂ ಸೆಲೆ ಉಂಟು. ಬೇರೆ ಊರಿನ ಮಳೆ ಒಂದು ವಾರದಲ್ಲಿ ಮನೆ ಮುಂದೆ ಹಾದುಹೋಗುವುದನ್ನು ತಡೆದು ಆರು ತಿಂಗಳ ಅತಿಥಿಯನ್ನಾಗಿ ಮಾಡಿದ್ದೇ ಈ ವ್ಯವಸ್ಥೆಯ ಗುಟ್ಟು.

ಹಾನಗಲ್ಲ ಆನೆಕೆರೆ ಈ ಕೆರೆಗಳ ನಾಡಿನಲ್ಲೇ ಹೆಸರು ಮಾಡಿದ್ದು. ಹಾನಗಲ್ಲು ಹಿಂದೆ ಪಾನುಂಗಲ್ಲು, ಕದಂಬರ ಒಂದು ಶಾಖೆಯ ರಾಜಧಾನಿ, ಪಾನುಂಗಲ್ಲು ಐನೂರು ಎಂಬ ನಾಡಿನ ಕೇಂದ್ರ. 1196ರಲ್ಲಿ ಹೊಯ್ಸಳ ವೀರಬಲ್ಲಾಳ ಈ ಊರಿಗೆ ಮುತ್ತಿಗೆ ಹಾಕಿದಾಗ ದಂಡು ಇಳಿಸಿದ್ದು ಆನೆಕೆರೆಯ ಬಳಿ. ಆ ಸಲ ಕದಂಬರ ಸೈನ್ಯ ಅವನನ್ನು ಹಿಮ್ಮೆಟ್ಟಿಸಿತು. ದಂಡು ಕೆರೆಯ ಬಳಿಯೇ ಬೀಡುಬಿಟ್ಟದ್ದರಲ್ಲಿ ಆಶ್ಚರ್ಯವೇನಿಲ್ಲ. ಸಾವಿರಾರು ಕಾಲಾಳು, ಕುದುರೆ, ಆನೆಗಳಿಗೆ ದಿನವೂ ನೀರು ಒದಗಿಸುವ ಜಾಗ ಬೇರೆಲ್ಲಿ ಸಿಕ್ಕೀತು? ಇಂದು ತಾರಕೇಶ್ವರ ದೇವಾಲಯದ ಚಾವಣಿಯ ಕಮಲವನ್ನು ನೋಡಲು ಬರುವವರಲ್ಲಿ ಕೆರೆಯ ಏರಿ ಹತ್ತುವವರು ವಿರಳ. ಏರಿಯನ್ನು ಕಂಡ ಮೇಲೆಯೇ ದೇವಾಲಯಕ್ಕೆ ಹಣ ಎಲ್ಲಿಂದ ಬಂತೆಂಬುದು ಹೊಳೆಯುತ್ತದೆ ಎಂದರೆ ತಪ್ಪಾಗದು.

ಸ್ವಾತಂತ್ರ್ಯದ ನಂತರ ಧರ್ಮೆಗೆ ಇನ್ನೊಂದು ಕಟ್ಟು ಬಿತ್ತು. ಮುಂಡಗೋಡ ತಾಲೂಕಿನ ಮಳಗಿಯಲ್ಲಿ ಧರ್ಮಾ ಜಲಾಶಯ ಎದ್ದಿತು. ಜಲಾಶಯ ಉತ್ತರ ಕನ್ನಡ ಜಿಲ್ಲೆಯದು, ನೀರಿನ ಬಹುಪಾಲು ಉಪಯೋಗ ಹಾನಗಲ್ಲ ತಾಲೂಕಿನದು. ಮಳಗಿಯ ಕೋಡಿ ಬಿತ್ತು ಎಂಬ ಸುದ್ದಿಗೆ ಮಳಗಿಗಿಂತ ಹಾನಗಲ್ಲಿನಲ್ಲಿ ಹೆಚ್ಚು ಸಂತೋಷ. ಹಾವೇರಿ ಜಿಲ್ಲೆ ಹುಟ್ಟಿದ್ದು 1997ರ ಆಗಸ್ಟ್ 24ರಂದು. ಅದಕ್ಕೂ ಮೊದಲು ಇದೆಲ್ಲ ಧಾರವಾಡ ಜಿಲ್ಲೆ. ನೀರಿಗೆ ಮಾತ್ರ ಈ ಗಡಿಗಳು ಯಾವತ್ತೂ ಅಡ್ಡಬಂದಿಲ್ಲ.

ಇದೇ ಹಾವೇರಿ ಜಿಲ್ಲೆಯ ಹಿರೇಕೆರೂರಿನವರು ಈ ಲೆಕ್ಕದಲ್ಲಿ ಬೇರೆ ಹೊಳೆಯ ಮಕ್ಕಳು. ಅವರದು ಕುಮುದ್ವತಿ. ಹುಂಚದ ಕಡೆ ಹುಟ್ಟಿ ಶಿಕಾರಿಪುರದ ಮೇಲೆ ಹಾದು ಬರುವ ಆ ನದಿಗೆ ಮಾಸೂರಿನ ಬಳಿ, ಎರಡು ಗುಡ್ಡಗಳ ನಡುವೆ ಕಟ್ಟಿದ ಮದಗದ ಕೆರೆ ವಿಜಯನಗರ ಕಾಲದ ದೊಡ್ಡ ಸಾಹಸ. ಹೊಳೆ ಬೇರೆಯಾದರೂ ಉಪಾಯ ಒಂದೇ: ಮಲೆನಾಡಿನ ನೀರನ್ನು ಬಯಲು ಸೇರುವ ಬಾಗಿಲಲ್ಲೇ ಹಿಡಿಯುವುದು.

ಕೂಡಲದಲ್ಲಿ ಧರ್ಮೆಯನ್ನು ಕೂಡಿಸಿಕೊಂಡ ವರದೆ ಬಯಲಿಗೆ ಇಳಿಯುತ್ತದೆ. ಹೆಸರೇ ಹೇಳುವಂತೆ ಕೂಡಲ ಸಂಗಮದ ಊರು. ಗುರುನಂಜೇಶ್ವರ ಮಠದಿಂದಾಗಿಯೂ ಜನ ಅದನ್ನು ಬಲ್ಲರು. ಮುಂದೆ ದಂಡೆಯ ಮೇಲೆ ಕರ್ಜಗಿ ಸಿಗುತ್ತದೆ. ಮುಂಬಯಿ ಸರ್ಕಾರದ ಕಾಲದಲ್ಲಿ ಅದರ ಹೆಸರಿನದೇ ಒಂದು ತಾಲೂಕು ಇತ್ತು. 1880ರ ದಶಕದಲ್ಲಿ ಸದರ್ನ್ ಮರಾಠಾ ರೈಲ್ವೆ ಹುಬ್ಬಳ್ಳಿಯಿಂದ ಹರಿಹರಕ್ಕೆ ಹಳಿ ಹಾಕಿದಾಗ ವರದೆಯನ್ನು ದಾಟಿದ್ದು ಕರ್ಜಗಿಯ ಬಳಿ. ತಾಲೂಕು ಹೋಯಿತು, ರೈಲು ನಿಲ್ದಾಣ ಉಳಿಯಿತು. ಹುಬ್ಬಳ್ಳಿಯಿಂದ ಬೆಂಗಳೂರಿಗೆ ಹೋಗುವ ಪ್ರಯಾಣಿಕರಲ್ಲಿ ಹೆಚ್ಚಿನವರು ವರದೆಯನ್ನು ಕಾಣುವುದು ಆ ಸೇತುವೆಯ ಮೇಲೆ, ಅರ್ಧ ನಿಮಿಷದ ಮಟ್ಟಿಗೆ.

ಹೊಸರಿತ್ತಿಯೂ ಇದೇ ಹೊಳೆಯ ಊರು. ಮಾಧ್ವ ಪರಂಪರೆಯ ಧೀರೇಂದ್ರ ತೀರ್ಥರ ಬೃಂದಾವನ ಇಲ್ಲಿದೆ. ಇಪ್ಪತ್ತನೆಯ ಶತಮಾನದಲ್ಲಿ ಊರಿಗೆ ಬೇರೊಂದು ಹೆಸರು ಬಂತು. ಗಾಂಧೀಜಿಯವರ ಜತೆ 1930ರಲ್ಲಿ ದಂಡಿಗೆ ನಡೆದಿದ್ದ ಮೋಟೆಬೆನ್ನೂರಿನ ಮೈಲಾರ ಮಹಾದೇವ, 1943ರ ಏಪ್ರಿಲ್ 1ರಂದು ಹೊಸರಿತ್ತಿಯ ವೀರಭದ್ರ ದೇವರ ಗುಡಿಯಲ್ಲಿಟ್ಟಿದ್ದ ಕಂದಾಯದ ಹಣವನ್ನು ವಶಪಡಿಸಿಕೊಳ್ಳಲು ಹೋಗಿ ಪೊಲೀಸರ ಗುಂಡಿಗೆ ಬಿದ್ದರು. ಜತೆಗಿದ್ದ ತಿರಕಪ್ಪ ಮಡಿವಾಳರ ಮತ್ತು ವೀರಯ್ಯ ಹಿರೇಮಠ ಕೂಡ ಪ್ರಾಣ ಕೊಟ್ಟರು. ಆ ಹಣ ಸುತ್ತಲ ಹಳ್ಳಿಗಳ ರೈತರು ತೆತ್ತ ಭೂಕಂದಾಯ. ಈ ದಂಡೆಯ ನೆಲಕ್ಕೆ ಬೆಲೆಯಿದ್ದದ್ದರಿಂದಲೇ ಕಂದಾಯ ಇತ್ತು ಎಂಬುದನ್ನೂ ನೆನಪಿಡಬೇಕು.

ಸವಣೂರಿನ ಮಾತು ಬೇರೆ. ನವಾಬರ ಊರು, ದೊಡ್ಡಹುಣಸೆ ಮರಗಳ ಊರು, ವೀಳ್ಯದೆಲೆಯ ಊರು. ಸವಣೂರ ಎಲೆಯನ್ನು ಮೆಲ್ಲದವರಿಗೆ ಅದರ ಮೃದುತನವನ್ನು ವಿವರಿಸುವುದು ಕಷ್ಟ. ಎಲೆಬಳ್ಳಿಗೆ ಬಿಸಿಲೂ ಹೆಚ್ಚಾಗಬಾರದು, ನೀರೂ ನಿಲ್ಲಬಾರದು, ತೇವ ಮಾತ್ರ ಆರಬಾರದು. ಮಳೆ ಕಡಿಮೆಯಿರುವ ಈ ಕಡೆ ಅಂಥ ನಾಜೂಕಿನ ಬೆಳೆ ನಿಂತಿರುವುದು ಬಾವಿ, ಕೆರೆಗಳ ಬಲದಿಂದ.

ಮಳೆಗಾಲದ ವರದೆಯನ್ನು ನೋಡಿದವರು ಮಾರ್ಚಿನಲ್ಲಿ ಬಂದರೆ ಗುರುತು ಹಿಡಿಯಲಾರರು. ಪಾತ್ರದ ನಡುವೆ ಬಂಡೆ, ಉಸುಕು, ಅಲ್ಲಲ್ಲಿ ನಿಂತ ಮಡುಗಳು. ಏಪ್ರಿಲ್, ಮೇ ಹೊತ್ತಿಗೆ ಹಲವು ಕಡೆ ಕಾಲು ನೆನೆಯದೆ ದಾಟಬಹುದು. ಮೇಲ್ಗಡೆ ದೊಡ್ಡ ಜಲಾಶಯವಿಲ್ಲದ ಹೊಳೆಗೆ ಬೇಸಿಗೆಯಲ್ಲಿ ನೀರು ಬಿಡುವವರು ಯಾರೂ ಇಲ್ಲ. ಇದಕ್ಕಾಗಿ ಇತ್ತೀಚಿನ ದಶಕಗಳಲ್ಲಿ ಪಾತ್ರದ ಉದ್ದಕ್ಕೂ ಬಾಂದಾರಗಳು ಬಂದವು. ಬಾಂದಾರ ಎಂದರೆ ಗೇಟುಗಳಿರುವ ತಗ್ಗಿನ ಒಡ್ಡು. ಕೆಲವು ಕಡೆ ಅದರ ಮೇಲೇ ಸೇತುವೆ. ಮಳೆಗಾಲದಲ್ಲಿ ಗೇಟು ತೆಗೆದು ಹೊಳೆಯನ್ನು ಬಿಡುತ್ತಾರೆ, ಮಳೆ ಹಿಂದೆ ಸರಿದ ಮೇಲೆ ಹಾಕಿ ಉಳಿದ ಹರಿವನ್ನು ನಿಲ್ಲಿಸುತ್ತಾರೆ. ನದಿಯ ಇಳಿಜಾರು ಕಡಿಮೆಯಿರುವುದು ಇಲ್ಲಿ ಉಪಕಾರಕ್ಕೆ ಬರುತ್ತದೆ. ಒಡ್ಡು ಗಿಡ್ಡದಾದರೂ ಹಿನ್ನೀರು ಮೇಲಕ್ಕೆ ಬಹು ದೂರ ನಿಲ್ಲುತ್ತದೆ. ಎರಡೂ ದಂಡೆಯ ಬಾವಿಗಳು, ಕೊಳವೆ ಬಾವಿಗಳು ಅದರಿಂದ ಉಸಿರಾಡುತ್ತವೆ. ಗೇಟು ಯಾವ ವಾರ ಹಾಕಬೇಕು ಎಂಬುದು ಮಾತ್ರ ಯಾವಾಗಲೂ ಜಗಳದ ವಿಷಯ. ಬೇಗ ಹಾಕಿದರೆ ತಡವಾಗಿ ಬಂದ ಮಳೆಗೆ ಮೇಲಿನವರ ಹೊಲ ಮುಳುಗುತ್ತದೆ. ತಡಮಾಡಿದರೆ ನೀರು ತುಂಗಭದ್ರೆಯ ಪಾಲಾಗಿರುತ್ತದೆ.

ಅದರ ಮುಂದಿನ ಹೆಜ್ಜೆ ಏತ ನೀರಾವರಿ. ಹಾನಗಲ್ಲ ತಾಲೂಕಿನ ತಿಳವಳ್ಳಿ, ಬಾಳಂಬೀಡ, ಹಿರೇಕೌಂಶಿ ಹೆಸರಿನ ಯೋಜನೆಗಳು, ಕೆಳಗಡೆ ಸವಣೂರು ಮತ್ತು ಶಿಗ್ಗಾವಿ ತಾಲೂಕುಗಳಿಗೆ ನೀರು ಕೊಡುವ ಶಿಗ್ಗಾವಿ ಏತ ನೀರಾವರಿ, ಎಲ್ಲವೂ ವರದೆಯನ್ನು ನಂಬಿದವು. ಮಳೆಗಾಲದಲ್ಲಿ ಹೊಳೆ ತುಂಬಿದಾಗ ಪಂಪು ಹಾಕಿ ನೀರು ಎತ್ತುವುದು, ಕೊಳವೆಯಲ್ಲಿ ಸಾಗಿಸುವುದು, ಹಳ್ಳಿಗಳ ಹಳೆಯ ಕೆರೆಗಳನ್ನು ತುಂಬಿಸುವುದು ಈ ಬಗೆಯ ಯೋಜನೆಗಳ ತಿರುಳು. ಹಳೆಯ ಧರ್ಮಾ ಕಾಲುವೆಯ ಕೆಲಸವೇ ಇದು. ಅವರು ನೆಲದ ಇಳಿಜಾರನ್ನು ಬಳಸಿದರು, ಈಗ ವಿದ್ಯುತ್ತನ್ನು ಬಳಸುತ್ತಾರೆ. ಇಳಿಜಾರಿಗೆ ಬಿಲ್ಲು ಬರುತ್ತಿರಲಿಲ್ಲ. ಆದರೆ ಇಳಿಜಾರಿನ ನೀರು ತಲುಪುತ್ತಿದ್ದ ಕೆರೆಗಳೂ ಕಡಿಮೆ. ಹೊಳೆಗಿಂತ ಎತ್ತರದಲ್ಲಿ ಕೂತ ಹಳ್ಳಿಗಳಿಗೆ ಪಂಪು ಬಂದ ಮೇಲೆಯೇ ಹೊಳೆಯ ಋಣ ಸಿಕ್ಕಿದ್ದು.

ಹೀಗೆ ತುಂಬಿದ ಕೆರೆಯ ಕೆಳಗೆ ಈಗ ಏನು ಬೆಳೆಯುತ್ತಿದೆ? ಭತ್ತ ಇದೆ, ಆದರೆ ಹಿಂದಿನ ಹಾಗಿಲ್ಲ. ಕಳೆದ ಕೆಲವು ದಶಕಗಳಲ್ಲಿ ಹಾವೇರಿ ಜಿಲ್ಲೆ ಗೋವಿನಜೋಳದ ಜಿಲ್ಲೆಯಾಗಿಬಿಟ್ಟಿದೆ. ಮೆಕ್ಕೆಜೋಳವನ್ನು ಇಲ್ಲಿ ಕರೆಯುವುದು ಹಾಗೆ. ಕೋಳಿ ಆಹಾರದ, ಗಂಜಿ ಪುಡಿಯ ಕಾರ್ಖಾನೆಗಳು ಕೊಳ್ಳುವ ಈ ಬೆಳೆಗೆ ಆಳು ಕಡಿಮೆ ಸಾಕು, ಗದ್ದೆಯಲ್ಲಿ ನೀರು ನಿಲ್ಲಿಸುವ ಚಿಂತೆಯಿಲ್ಲ, ಮಾರಾಟದ ತಲೆಬಿಸಿಯೂ ಕಡಿಮೆ. ಭತ್ತಕ್ಕೆ ಕಳೆ ತೆಗೆಯುವವರು ಸಿಗದ ರೈತ ಸುಲಭವಾಗಿ ಅತ್ತ ಹೊರಳಿದ. ಇನ್ನು ನೀರಿನ ಅನುಕೂಲವಿದ್ದವರು ಅಡಿಕೆ, ಬಾಳೆ, ಶುಂಠಿಗೆ ಹೋದರು. ಮಲೆನಾಡಿನ ಅಡಿಕೆ ಹೊಳೆಯ ಹಿಂದೆಯೇ ನಡೆದು ಬಂದು ಅರೆಮಲೆನಾಡು ದಾಟಿ ಬಯಲಿಗೆ ಇಳಿದಿದೆ. ಸಾಗರದಲ್ಲಿ ಆಕಾಶವೇ ನೀರು ಹಾಕುತ್ತದೆ, ಇಲ್ಲಿ ವರ್ಷದ ಆರು ತಿಂಗಳು ಕೊಳವೆ ಬಾವಿ ಹಾಕಬೇಕು. ಹೊಳೆ ಬತ್ತಿದ ವರ್ಷ ಗೋವಿನಜೋಳದವನು ಒಂದು ಬೆಳೆ ಕಳೆದುಕೊಳ್ಳುತ್ತಾನೆ, ಅಡಿಕೆಯವನು ಹತ್ತು ವರ್ಷದ ತೋಟ ಕಳೆದುಕೊಳ್ಳುತ್ತಾನೆ. 2023ರ ಬರ ಈ ಭಯವನ್ನು ಮನೆಮನೆಗೆ ತಂದಿತ್ತು.

ಬರದ ನಾಡೇ ನೆರೆಯ ನಾಡೂ ಆಗಿರುವುದು ಬಯಲು ನದಿಯ ಇನ್ನೊಂದು ಗುಣ. 2019ರ ಆಗಸ್ಟ್ ಮೊದಲ ಹತ್ತು ದಿನಗಳಲ್ಲಿ ಪಶ್ಚಿಮ ಘಟ್ಟದ ಉದ್ದಕ್ಕೂ ಸುರಿದ ಮಳೆಗೆ ವರದಾ, ಧರ್ಮಾ ಎರಡೂ ಒಟ್ಟಿಗೆ ಉಕ್ಕಿದವು. ಹಾನಗಲ್ಲು, ಹಾವೇರಿ, ಸವಣೂರು ತಾಲೂಕುಗಳ ದಂಡೆಯ ಹಳ್ಳಿಗಳಿಗೆ ನೀರು ನುಗ್ಗಿತು, ರಸ್ತೆಗಳು ಕಡಿದುಹೋದವು, ಮಣ್ಣಿನ ಗೋಡೆಯ ಮನೆಗಳು ನೆನೆದು ಕುಸಿದವು. ಕೊಡಗಿನಲ್ಲಿ ಕಂಡಂತೆ ಗುಡ್ಡ ಜಾರುವ, ಸೆಳವಿಗೆ ಊರು ಕೊಚ್ಚಿಹೋಗುವ ನೆರೆ ಇದಲ್ಲ. ಇಲ್ಲಿ ನೀರು ಮೆಲ್ಲಗೆ ಏರುತ್ತದೆ, ಮೆಲ್ಲಗೆ ಹರಡುತ್ತದೆ, ಹೋಗುವುದನ್ನು ಮರೆತಂತೆ ನಿಲ್ಲುತ್ತದೆ. ಹೊಳೆಗೆ ಇಳಿಜಾರಿಲ್ಲ. ಜತೆಗೆ ಗಳಗನಾಥದಲ್ಲಿ ತುಂಗಭದ್ರೆಯೂ ತುಂಬಿದ್ದರೆ ವರದೆಯ ನೀರಿಗೆ ಒಳಗೆ ಜಾಗ ಸಿಗುವುದಿಲ್ಲ, ಅದು ಹಿಂದಕ್ಕೆ ಒತ್ತಿಕೊಂಡು ನಿಲ್ಲುತ್ತದೆ. ನಾಲ್ಕು ದಿನ ನೀರಲ್ಲಿ ನಿಂತ ಹತ್ತಿ, ಗೋವಿನಜೋಳದ ಬೇರು ಕೊಳೆಯುತ್ತದೆ. ಭತ್ತ ಅದೇ ನೀರನ್ನು ಬಹಳ ಮಟ್ಟಿಗೆ ತಾಳಿಕೊಳ್ಳುತ್ತದೆ. ಹಳಬರು ದಂಡೆಯ ತಗ್ಗಿನಲ್ಲಿ ಭತ್ತವನ್ನೇ ಇಟ್ಟು, ಮನೆಗಳನ್ನು ದಿಬ್ಬದ ಮೇಲೆ ಕಟ್ಟಿದ್ದರ ಹಿಂದೆ ಈ ಲೆಕ್ಕವೂ ಇತ್ತು.

ಉಸುಕಿನ ವಿಷಯವನ್ನು ಬಿಡುವಂತಿಲ್ಲ. ಹೊಳೆಯ ಪಾತ್ರ ಕೆಳಗಿನ ನೆಲಕ್ಕೆ ಸ್ಪಂಜು ಇದ್ದ ಹಾಗೆ. ಮರಳಿನ ಕಣಗಳ ನಡುವೆ ಕೂತ ನೀರು ಬೇಸಿಗೆಯಲ್ಲಿ ಮೆಲ್ಲಗೆ ಬಾವಿಗಳಿಗೆ ಜಿನುಗುತ್ತದೆ. ಕಟ್ಟಡದ ಗಿರಾಕಿಗಾಗಿ ಆ ಮರಳನ್ನು ಮಿತಿಮೀರಿ ತೆಗೆದರೆ ಪಾತ್ರ ಆಳವಾಗುತ್ತದೆ, ಸ್ಪಂಜು ಇಲ್ಲವಾಗುತ್ತದೆ, ದಂಡೆ ಕುಸಿಯುತ್ತದೆ, ಬಾವಿಯ ನೀರು ಹೊಳೆಯ ಕಡೆಗೇ ಇಳಿದುಹೋಗುತ್ತದೆ. ಹಾವೇರಿ ಜಿಲ್ಲೆಯಲ್ಲಿ ತುಂಗಭದ್ರೆಯ ಮರಳಿನ ಸುದ್ದಿ ಆಗಾಗ ಪತ್ರಿಕೆಗಳಲ್ಲಿ ಬರುತ್ತದೆ. ವರದೆಯದು ಅಷ್ಟು ದೊಡ್ಡ ಸುದ್ದಿಯಾಗದೆ ಸಾಗುತ್ತದೆ.

ವರದೆಗೆ ಇನ್ನಷ್ಟು ನೀರು ತರಬೇಕೆಂಬ ಆಸೆಯಿಂದ ಹುಟ್ಟಿದ್ದು ಬೇಡ್ತಿ-ವರದಾ ಜೋಡಣೆ. ಇದರ ಹಿಂದಿನ ಭೂಗೋಳ ಒಂದು ತಮಾಷೆಯಂತಿದೆ. ಕಡಲಿಗೆ ಹತ್ತಿರದ ಸಾಗರದಲ್ಲಿ ಹುಟ್ಟಿದ ವರದೆ ಪೂರ್ವಕ್ಕೆ ಬಯಲಿಗೆ ಬರುತ್ತದೆ. ಬಯಲಿಗೆ ಹತ್ತಿರದ ಧಾರವಾಡದಲ್ಲಿ, ಸೋಮೇಶ್ವರ ಗುಡಿಯ ಬಳಿ ಹುಟ್ಟಿದ ಶಾಲ್ಮಲಾ ಪಶ್ಚಿಮಕ್ಕೆ ಹೋಗಿ ಬೇಡ್ತಿಯಾಗಿ, ಗಂಗಾವಳಿಯಾಗಿ ಕಡಲು ಸೇರುತ್ತದೆ. ಎರಡು ನದಿಗಳು ದಾರಿ ಅದಲುಬದಲು ಮಾಡಿಕೊಂಡಂತಿದೆ. ರಾಷ್ಟ್ರೀಯ ಜಲ ಅಭಿವೃದ್ಧಿ ಸಂಸ್ಥೆಯ ಹಳೆಯ ಯೋಜನೆಯಲ್ಲಿ ಬೇಡ್ತಿಯ ಉಪನದಿಗಳಾದ ಪಟ್ಟಣದಹಳ್ಳ ಮತ್ತು ಶಾಲ್ಮಲಾಹಳ್ಳಗಳಿಂದ ವರ್ಷಕ್ಕೆ 242 ದಶಲಕ್ಷ ಘನ ಮೀಟರು, ಅಂದರೆ ಸುಮಾರು ಎಂಟೂವರೆ ಟಿಎಂಸಿ ಅಡಿ ನೀರನ್ನು ಎತ್ತಿ ವರದೆಗೆ ಹಾಕುವ ಲೆಕ್ಕವಿತ್ತು. ಹಾವೇರಿ ಸೀಮೆಯ ರೈತರು ಇದಕ್ಕಾಗಿ ಒತ್ತಾಯಿಸುತ್ತ ಬಂದಿದ್ದಾರೆ. ಉತ್ತರ ಕನ್ನಡದಲ್ಲಿ ಅಷ್ಟೇ ಗಟ್ಟಿಯಾದ ವಿರೋಧವಿದೆ, ಶಿರಸಿಯ ಸ್ವರ್ಣವಲ್ಲೀ ಮಠ ಅದರ ಮುಂಚೂಣಿಯಲ್ಲಿದೆ. 1980ರ ದಶಕದ ಆರಂಭದಲ್ಲಿ ಬೇಡ್ತಿ ಜಲವಿದ್ಯುತ್ ಯೋಜನೆಯನ್ನು ಕೈಬಿಡುವಂತೆ ಮಾಡಿದ ನೆನಪು ಆ ನಾಡಿನಲ್ಲಿ ಇನ್ನೂ ಹಸಿಯಾಗಿದೆ. ಘಟ್ಟದ ಕಾಡು, ಕಣಿವೆಯ ತೋಟ, ಗಂಗಾವಳಿಯ ಅಳಿವೆಗೆ ಸಿಗುವ ಸಿಹಿನೀರು ಅವರ ವಾದದ ಆಧಾರ. ಮಳೆಗಾಲದಲ್ಲಿ ತುಂಬಿ ಉಕ್ಕುವ ವರದೆಗೆ ಮತ್ತಷ್ಟು ಮಳೆಗಾಲದ ನೀರು ಯಾಕೆ ಎಂಬ ಪ್ರಶ್ನೆಗೆ ಬಯಲಿನವರಿಂದ ಇನ್ನೂ ಪೂರ್ತಿ ಉತ್ತರ ಸಿಕ್ಕಿಲ್ಲ. ಹಿಡಿದಿಡಲು ಜಾಗವಿಲ್ಲದಿದ್ದರೆ ಬಂದದ್ದು ಹಾಗೇ ಹೋಗುತ್ತದೆ.

ಎಲ್ಲಿಗೆ ಹೋಗುತ್ತದೆ ಎಂಬುದಕ್ಕೆ ಗಳಗನಾಥಕ್ಕೆ ಹೋಗಬೇಕು. ಹಾವೇರಿ ತಾಲೂಕಿನ ಈ ಹಳ್ಳಿಯಲ್ಲಿ ವರದೆ ತನ್ನ ಹೆಸರು ಬಿಡುತ್ತದೆ. ಸಂಗಮದ ಬಳಿ ಕಲ್ಯಾಣ ಚಾಲುಕ್ಯರ ಕಾಲದ ಗಳಗೇಶ್ವರ ದೇವಾಲಯ ಹೊಳೆಯ ಕಡೆ ನೋಡುತ್ತ ಗಟ್ಟಿಯಾಗಿ ಕೂತಿದೆ. ತುಂಗಭದ್ರೆಯ ದಂಡೆಯ ಹಾವನೂರಿನಲ್ಲಿ 1869ರಲ್ಲಿ ಹುಟ್ಟಿದ ವೆಂಕಟೇಶ ತಿರಕೋ ಕುಲಕರ್ಣಿ ಎಂಬ ಶಾಲಾ ಮಾಸ್ತರರು ಇಲ್ಲಿಯ ದೇವರ ಹೆಸರನ್ನೇ ಕಾವ್ಯನಾಮ ಮಾಡಿಕೊಂಡು 'ಗಳಗನಾಥ'ರಾದರು. ತಾವು ಬರೆದ ಕಾದಂಬರಿಗಳ ಗಂಟು ಹೊತ್ತು ಊರೂರು ತಿರುಗಿ ಮಾರಿ, ಉತ್ತರ ಕರ್ನಾಟಕದ ಮನೆಗಳಿಗೆ ಕನ್ನಡ ಓದುವ ರುಚಿ ಹತ್ತಿಸಿದವರು ಅವರು.

ಗಳಗನಾಥ ದಾಟಿದ ನೀರು ತುಂಗಭದ್ರೆಯಾಗಿ ಹೊಸಪೇಟೆಯ ಜಲಾಶಯ ಸೇರುತ್ತದೆ. 1953ರಲ್ಲಿ ಮುಗಿದ ಆ ಅಣೆಕಟ್ಟಿನಲ್ಲಿ ಮೊದಲು 133 ಟಿಎಂಸಿ ಅಡಿ ನೀರು ನಿಲ್ಲುತ್ತಿತ್ತು. ಹೂಳು ತುಂಬಿ ಈಗ 105.78ಕ್ಕೆ ಇಳಿದಿದೆ. ಆ ಹೂಳಿನಲ್ಲಿ ಹಾನಗಲ್ಲ ಮಸಾರಿಯ, ಸವಣೂರ ಎರೆಯ ಪಾಲೂ ಇದೆ. ಜಲಾಶಯದ ಎಡದಂಡೆಯ ಕಾಲುವೆ ನೀರನ್ನು ಗಂಗಾವತಿ, ಸಿಂಧನೂರು, ಮಾನ್ವಿಗಳ ಕಡೆಗೆ ಒಯ್ಯುತ್ತದೆ. ಬೇಡ್ತಿ-ವರದಾ ಹಳೆಯ ಯೋಜನೆಯಲ್ಲಿ ಕೂಡ ನೀರಾವರಿ ಆಗಬೇಕಿದ್ದ 60,200 ಹೆಕ್ಟೇರು ನೆಲ ಇದ್ದದ್ದು ಹಾವೇರಿಯಲ್ಲಿ ಅಲ್ಲ, ಆ ಕಡೆಯ ರಾಯಚೂರು ಜಿಲ್ಲೆಯಲ್ಲಿ. ಒಂದು ಕಾಲಕ್ಕೆ ಜೋಳ, ಹತ್ತಿ ಬೆಳೆಯುತ್ತಿದ್ದ ಆ ಎರೆ ಬಯಲು ಈಗ ಕಣ್ಣು ಹಾಯುವಷ್ಟು ದೂರ ಸೋನಾ ಮಸೂರಿ ಭತ್ತದ ಹಸಿರು. ಗಿರಣಿಗಳಲ್ಲಿ ಮಿಲ್ಲಾದ ಆ ಅಕ್ಕಿ ಚೀಲಗಳಲ್ಲಿ ತುಂಬಿ ಲಾರಿ ಹತ್ತಿ, ಕರ್ನಾಟಕದ ಊರೂರಿನ ಕಿರಾಣಿ ಅಂಗಡಿಗಳಿಗೆ ಬರುತ್ತದೆ. ಸುತ್ತ ಗೋವಿನಜೋಳ ಬೆಳೆದು ನಿಂತಿರುವ ಅಕ್ಕಿಆಲೂರಿನ ಅಂಗಡಿಗಳಿಗೂ.